ಆಚೆಮನೆಯಲ್ಲಿ ಸ್ವಾಮಿಗಳ ಭಿಕ್ಷೆ

ನಮ್ಮ ಆಚೆಮನೆಯ ದೊಡ್ಡಮ್ಮ ‘ಊಟ ಆಯ್ತಾ?’ ಎಂದು ಕೇಳಿದರೆ ‘ಆಯ್ತು’ ಎಂದು ಹೇಳಿ ತಪ್ಪಿಸಿಕೊಂಡವರು ಯಾರೂ ಇಲ್ಲ. ಉಳಿದವರಿಗೆ ಅದು ಕುಶಲ ಕೇಳುವ ಮಾತು, ಅವರಿಗೆ ಪೊಲೀಸ್ ತನಿಖೆ. ಎಂತ ಪದಾರ್ಥ? ಬಸಳೆಗೆ ಹಲಸಿನ ಬೀಜ ಹಾಕಿದ್ದೋ, ಬರೀ ಬಸಳೆಯೋ? ಕಾಯಿ ನುಣ್ಣಗೆ ಕಡೆದದ್ದೋ, ತರಿಯಾಗಿಯೋ? ಉತ್ತರ ಒಪ್ಪಿಗೆಯಾಗದಿದ್ದರೆ ಗೋಡೆಯ ಮೇಲಿಂದ ಒಂದು ಬಟ್ಟಲು ಬರುತ್ತಿತ್ತು. ‘ಅದೊಂದು ಊಟವಾ ಮಾರಾಯ್ತಿ? ಇದನ್ನು ತಿನ್ನು.’ ಎಪ್ಪತ್ತರ ದಶಕದ ಶುರುವಿನಲ್ಲಿ ನಾನು ಕೊಕ್ಕಡದಿಂದ ಪಾಣೆಮಂಗಳೂರಿಗೆ ಸೊಸೆಯಾಗಿ ಬಂದೆ. ಮೊದಲ ವರ್ಷವೇ ಮೈತುಂಬಿಕೊಂಡದ್ದಕ್ಕೆ ತವರಿನವರು ಗಂಡನ ಮನೆಯನ್ನು ಹೊಗಳಿದರು. ಆ ಹೊಗಳಿಕೆ ಗೋಡೆಯಾಚೆಗೆ ಸಲ್ಲಬೇಕಾಗಿತ್ತು.

ಆಳು ಕುಳ್ಳು, ಧ್ವನಿ ದೊಡ್ಡದು. ಗಂಡ ಹೋಗಿ ಬಹಳ ಕಾಲವಾಗಿತ್ತು. ಮನೆಯಲ್ಲಿ ಮಗ, ಸೊಸೆ. ಬೀದಿಯೆಲ್ಲ ತುಳುವಿನಲ್ಲಿ ಮಾತಾಡುತ್ತಿದ್ದರೂ ನನ್ನ ಹತ್ತಿರ ಮಾತ್ರ ಅವರದ್ದು ಕನ್ನಡ. ನಾನು ಪ್ರಾಥಮಿಕ ಶಾಲೆಯ ಟೀಚರ್ ನೋಡಿ. ‘ನಿನ್ನ ಹತ್ತಿರ ಕನ್ನಡದಲ್ಲೇ ಮಾತಾಡುವ, ಇಲ್ಲದಿದ್ದರೆ ನನಗೆ ಮರೆತು ಹೋಗ್ತದೆ’ ಎನ್ನುತ್ತಿದ್ದರು. ಸಿಟ್ಟು ಬಂದಾಗ ಮಾತ್ರ ತುಳುವಿಗೆ ಇಳಿಯುತ್ತಿದ್ದರು. ಆಗ ಸೊಸೆ ಬಾವಿಕಟ್ಟೆಗೆ ಹೋಗಿ ಬೇಡದ ನೀರು ಸೇದುತ್ತಾ ನಿಲ್ಲುತ್ತಿದ್ದಳು. ಆ ಹುಡುಗಿ ಬಾಯಿ ಸತ್ತವಳು, ಅತ್ತೆಯ ಎದುರು ‘ಹೂಂ’ ಬಿಟ್ಟರೆ ಇನ್ನೊಂದು ಮಾತು ಬರುತ್ತಿರಲಿಲ್ಲ.

‘ಬೇಡ ಅಂದರೆ ಇನ್ನೊಂದು ಸ್ವಲ್ಪ ಅಂತ ಅರ್ಥ’ ಎನ್ನುವುದು ದೊಡ್ಡಮ್ಮನ ಶಾಸ್ತ್ರ. ಹೊಸದಾಗಿ ಬಂದ ಪೋಸ್ಟ್‌ಮ್ಯಾನ್ ಒಮ್ಮೆ ಕೆಸುವಿನೆಲೆಯ ಪತ್ರೊಡೆ ಬೇಡ, ಗಂಟಲು ತುರಿಸುತ್ತದೆ ಎಂದ. ಪಾಪ, ಅವನಿಗೇನು ಗೊತ್ತು? ‘ನನ್ನ ಪತ್ರೊಡೆಗೆ ತುರಿಕೆಯಾ?’ ಎಂದು ಅವನನ್ನು ಜಗಲಿಯಲ್ಲಿ ಕೂರಿಸಿ ತುರಿಸುವುದಿಲ್ಲ ಎಂದು ಒಪ್ಪಿಕೊಳ್ಳುವವರೆಗೆ ತಿನ್ನಿಸಿದರು. ಕೆಸುವಿನೆಲೆ ಚಿಗುರುವ ಕಾಲದಲ್ಲಿ ನಮ್ಮಿಂದ ಮುಂದಿನ ಬೀದಿಗೆ ಕಾಗದ ತಡವಾಗಿ ತಲುಪುತ್ತಿದ್ದದ್ದರ ಕಾರಣ ಇಲಾಖೆಗೆ ಗೊತ್ತಿತ್ತೋ ಇಲ್ಲವೋ, ನನಗೆ ಗೊತ್ತಿತ್ತು.

ಇಂಥವರ ಗೋಡೆಯ ಪಕ್ಕದಲ್ಲಿ ನನ್ನ ಮಗಳು ಹುಟ್ಟಿದಳು.

ವಾಣಿ ಎಂದು ಹೆಸರಿಟ್ಟೆವು. ದೇವರಿಗೆ ತಮಾಷೆ ಬೇಕಿತ್ತೋ ಏನೋ, ನಾಲ್ಕು ತುಂಬಿದರೂ ಮಗು ಮಾತಾಡಲಿಲ್ಲ. ಕರೆದರೆ ತಿರುಗುತ್ತಿರಲಿಲ್ಲ. ಬಾವಿಯ ರಾಟೆ ತಿರುಗುವುದನ್ನು ನೋಡುತ್ತಾ ಬೇಕಾದಷ್ಟು ಹೊತ್ತು ನಿಲ್ಲುತ್ತಿದ್ದಳು. ಮಂಗಳೂರಿನ ಡಾಕ್ಟರು ಅವಳ ಕಣ್ಣಿಗೆ ಟಾರ್ಚು ಬಿಟ್ಟು, ಮೊಣಕಾಲಿಗೆ ಸುತ್ತಿಗೆ ಕುಟ್ಟಿ, ‘ಬುದ್ಧಿ ಸ್ವಲ್ಪ ನಿಧಾನ’ ಎಂದರು. ಆಟಿಸಂ ಎಂಬ ಶಬ್ದ ನಮ್ಮ ಕಡೆ ಕೇಳಿಬಂದದ್ದು ಎಷ್ಟೋ ವರ್ಷಗಳ ಮೇಲೆ, ಅದನ್ನು ನಾನು ಓದಿದ್ದು ಪೇಪರಿನಲ್ಲಿ. ಅಷ್ಟು ಹೊತ್ತಿಗೆ ನನಗೆ ಆ ಶಬ್ದದಿಂದ ಆಗಬೇಕಾದ್ದು ಏನೂ ಉಳಿದಿರಲಿಲ್ಲ.

ಮಾತಿಲ್ಲದ್ದನ್ನು ಹೇಗೋ ಸಹಿಸಿಕೊಳ್ಳಬಹುದಿತ್ತು. ಊಟದ್ದೇ ದೊಡ್ಡ ರಗಳೆ. ಊರೆಲ್ಲ ಕೆಂಪು ಕುಚ್ಚಲಕ್ಕಿ ಉಣ್ಣುವಾಗ ಇವಳಿಗೆ ಬಿಳಿ ಬೆಳ್ತಿಗೆ ಅನ್ನವೇ ಆಗಬೇಕು. ಅದು ಬಿಸಿಯೂ ಇರಬಾರದು, ಆರಲೂ ಬಾರದು. ಉಪ್ಪು ಬೇಕು, ಆದರೆ ಅನ್ನಕ್ಕೆ ತಾಗಬಾರದು. ಹಪ್ಪಳ ಬೇಕು, ಆದರೆ ಅಂಚು ಒಡೆದಿರಬಾರದು. ನೀರುದೋಸೆಯ ಒದ್ದೆ ಕೈಗೆ ತಾಗಿದರೆ ಕೆಂಡ ತಾಗಿದ ಹಾಗೆ ಕಿರುಚುತ್ತಿದ್ದಳು. ಸಾಸಿವೆ ಸಿಡಿಯುವ ಸದ್ದಿಗೆ ಕಿವಿ ಮುಚ್ಚಿಕೊಂಡು ಅಂಗಳ ದಾಟಿ ಓಡುತ್ತಿದ್ದಳು. ಬಾಳೆಹಣ್ಣಿನಲ್ಲಿ ಒಂದು ಕಪ್ಪು ಚುಕ್ಕಿ ಕಂಡರೆ ಆ ಹಣ್ಣು ಹೋಗಲಿ, ಅದು ಇದ್ದ ಕೋಣೆಗೂ ಬರುತ್ತಿರಲಿಲ್ಲ. ಒಂದು ಜಾತಿಯ ಬಿಸ್ಕತ್ತು ಮಾತ್ರ ತಿನ್ನುತ್ತಿದ್ದಳು. ಕಂಪೆನಿಯವರು ಹೊದಿಕೆಯ ಬಣ್ಣ ಬದಲಿಸಿದರು, ಅಲ್ಲಿಗೆ ಅದೂ ಮುಗಿಯಿತು. ಆ ಕಂಪೆನಿಯವರಿಗೆ ನಾನು ಮನಸ್ಸಿನಲ್ಲಿ ಹಾಕಿದ ಶಾಪ ತಟ್ಟಿದ್ದರೆ ಅವರು ಅಂಗಡಿ ಮುಚ್ಚಬೇಕಿತ್ತು.

ಬುದ್ಧಿ ಹೇಳುವವರಿಗೆ ಬರವೇ? ‘ಹಠ. ಎರಡು ಕೊಡಿ, ಸರಿಯಾಗ್ತದೆ.’ ‘ಹಸಿವಾದರೆ ತಾನಾಗಿ ತಿಂತಾಳೆ ಬಿಡಿ.’ ಎರಡನೆಯದನ್ನು ನಾವು ಬೇಕೆಂದು ಮಾಡದಿದ್ದರೂ ಪರೀಕ್ಷಿಸಿ ಆಯಿತು. ನನ್ನ ಅಮ್ಮ ತೀರಿಕೊಂಡಾಗ ಮಗಳನ್ನು ಗಂಡನ ಹತ್ತಿರ ಬಿಟ್ಟು ಕೊಕ್ಕಡಕ್ಕೆ ಹೋಗಿದ್ದೆ. ಬೆಳ್ತಂಗಡಿಯಲ್ಲಿ ಗುಮಾಸ್ತರಾಗಿದ್ದ ಅವರು ಕಚೇರಿಗೆ ರಜೆ ಹಾಕಿ, ನಾನು ಹೇಳಿಕೊಟ್ಟ ಹಾಗೆಯೇ ಬಡಿಸಿದರು. ಕೈ ನನ್ನದಲ್ಲವಲ್ಲ, ಮಗು ಮುಟ್ಟಲಿಲ್ಲ. ನಾನು ಹಿಂದೆ ಬಂದಾಗ ಬಂಟ್ವಾಳದ ಆಸ್ಪತ್ರೆಯಲ್ಲಿ ಗ್ಲೂಕೋಸ್ ಬಾಟಲಿ ತೂಗುತ್ತಿತ್ತು, ಮಂಚದ ಮೇಲೆ ನನ್ನ ಮಗಳು ಒಗೆದು ಹಿಂಡಿದ ಬಟ್ಟೆಯ ಹಾಗೆ ಬಿದ್ದಿದ್ದಳು. ಹಸಿವಾದರೂ ಇವಳು ತಿನ್ನುವುದಿಲ್ಲ. ಅಂದಿನಿಂದ ನನಗೆ ಬೇರೆ ಯಾವ ಹೆದರಿಕೆಯೂ ಇರಲಿಲ್ಲ, ಇದ್ದದ್ದು ಒಂದೇ: ನಾನಿಲ್ಲದಿದ್ದರೆ ಇವಳಿಗೆ ಉಣ್ಣಿಸುವವರು ಯಾರು?

ಅಷ್ಟರಲ್ಲಿ ಎರಡನೆಯದು ಹೊಟ್ಟೆಯಲ್ಲಿ ನಿಂತಿತು. ಮೊದಲ ಹೆರಿಗೆ ಕಷ್ಟವಾಗಿದ್ದರಿಂದ ಈ ಸಲ ಮಂಗಳೂರಿನಲ್ಲೇ ಆಗಬೇಕು, ಕೊಯ್ದು ತೆಗೆಯಬೇಕಾದೀತು ಎಂದಿದ್ದರು. ಎಂದರೆ ಮನೆ ಬಿಟ್ಟು ತುಂಬಾ ದಿನ ಇರಬೇಕು. ನಾನು ಗೋಡೆಯ ಹತ್ತಿರ ನಿಂತು ಅತ್ತೇಬಿಟ್ಟೆ.

‘ಅದಕ್ಕೆಲ್ಲ ಅಳ್ತಾರಾ? ನಾನಿಲ್ವಾ?’ ಎಂದರು ದೊಡ್ಡಮ್ಮ. ‘ನಾನು ತಿನ್ನಿಸದ ಮಕ್ಕಳು ಈ ಊರಲ್ಲಿ ಯಾರುಂಟು, ಹೇಳು.’

ಮರುದಿನದಿಂದ ಯುದ್ಧ. ಬೆಲ್ಲದ ಪಾಯಸ ಬಂತು, ಗೋಡೆಗೆ ಬಡಿಯಿತು. ಪುಂಡಿ ಬಂತು. ಅಕ್ಕಿಯ ಉಂಡೆ, ಬಿಳಿಯದೇ, ದೊಡ್ಡಮ್ಮನ ಲೆಕ್ಕದಲ್ಲಿ ಬೇಡವೆನ್ನಲು ಕಾರಣವೇ ಇಲ್ಲ. ಅದು ಅಂಗಳದಲ್ಲಿ ಉರುಳಿತು, ನಾಯಿಗೆ ಹಬ್ಬ. ತುಪ್ಪ ಸವರಿದ ಒತ್ತುಶಾವಿಗೆಯನ್ನು ವಾಣಿ ಕಣ್ಣೆತ್ತಿಯೂ ನೋಡಲಿಲ್ಲ. ಹಿಂದಿನಿಂದ ಬಂದು ಬಾಯಿಗೆ ತುರುಕಲು ಹೋದ ದಿನ ದೊಡ್ಡಮ್ಮನ ಹೆಬ್ಬೆರಳಿಗೆ ಹಲ್ಲು ನಾಟಿತು. ಬೆರಳಿಗೆ ಅರಿಶಿನ ಮೆತ್ತಿಕೊಂಡು, ಜೀವಮಾನದಲ್ಲಿ ಮೊದಲ ಬಾರಿ ಸೋತವರ ಮುಖ ಮಾಡಿಕೊಂಡು ಜಗಲಿಯಲ್ಲಿ ಕೂತಿದ್ದರು. ನಗಬಾರದಿತ್ತು. ನಗು ಬಂತು, ಏನು ಮಾಡಲಿ?

ಆಮೇಲೆ ಕೆಲವು ದಿನ ಬಟ್ಟಲು ಬರಲಿಲ್ಲ. ನಾನು ಮಗಳಿಗೆ ಉಣ್ಣಿಸುವಾಗ ದೊಡ್ಡಮ್ಮ ಗೋಡೆಯಾಚೆ ನಿಂತು ಸುಮ್ಮನೆ ನೋಡುತ್ತಿದ್ದರು. ಒಂದು ಮಧ್ಯಾಹ್ನ ಸರಸರನೆ ಬಂದರು. ಕಣ್ಣಲ್ಲಿ ಎಂಥದೋ ಹೊಳಪು.

‘ಟೀಚರೇ, ನನಗೆ ಗೊತ್ತಾಯ್ತು.’

‘ಏನು ದೊಡ್ಡಮ್ಮ?’

‘ಇವಳು ಹೋದ ಜನ್ಮದಲ್ಲಿ ಯತಿ.’

ದೊಡ್ಡಮ್ಮ ಒಂದೊಂದೇ ಬೆರಳು ಮಡಚಿದರು. ‘ನೋಡು, ಉಣ್ಣುವಾಗ ಮೌನ. ಗಳಿಗೆ ತಪ್ಪುವ ಹಾಗಿಲ್ಲ, ಜಾಗ ಬದಲುವ ಹಾಗಿಲ್ಲ. ಕಂಡವರ ಕೈಯದು ಆಗುದಿಲ್ಲ. ನೀರುಳ್ಳಿ ಇಲ್ಲ, ಖಾರ ಇಲ್ಲ, ಒಡೆದದ್ದು ಇಲ್ಲ, ನಿನ್ನೆಯದ್ದು ಇಲ್ಲ. ಇಷ್ಟು ನಿಷ್ಠೆ ಈಗಿನ ಪುರೋಹಿತರಲ್ಲಿ ಉಂಟಾ? ನಾನೊಬ್ಬಳು ಮೂರ್ಖೆ, ಸನ್ಯಾಸಿಗೆ ಬೆಲ್ಲದ ಪಾಯಸ ತಿನ್ನಿಸಲಿಕ್ಕೆ ಹೋದೆ! ಕಚ್ಚದೆ ಇನ್ನೇನು ಮಾಡ್ತಾರೆ?’

‘ಹಾಗೆಲ್ಲ ಅಲ್ಲ ದೊಡ್ಡಮ್ಮ. ಡಾಕ್ಟರು ಹೇಳಿದ್ದು...’

‘ನಿನ್ನ ಡಾಕ್ಟರು ಇದಕ್ಕೆ ಏನು ಹೆಸರು ಹೇಳಿದ? ಎಂಥದೂ ಇಲ್ಲ. ನನ್ನ ಹತ್ತಿರ ಒಂದು ಹೆಸರಾದರೂ ಉಂಟು.’

ದೊಡ್ಡಮ್ಮನ ತಿಳುವಳಿಕೆ ಪೂರ್ತಿ ತಪ್ಪು. ಆದರೆ ಊರೆಲ್ಲ ನನ್ನ ಮಗಳನ್ನು ಹಠಮಾರಿ ಎಂದು ಕರೆಯುತ್ತಿದ್ದಾಗ ಅವಳ ಒಂದೊಂದು ಹಠವನ್ನೂ ವ್ರತವೆಂದು ಎಣಿಸಿದವರು ಅವರೊಬ್ಬರೇ. ಅಂದಿನಿಂದ ವಾಣಿ ಅವರ ಬಾಯಲ್ಲಿ ‘ಸ್ವಾಮಿಗಳು’. ‘ಸ್ವಾಮಿಗಳು ಎದ್ದರಾ?’ ‘ಸ್ವಾಮಿಗಳಿಗೆ ಮೂಗು ಸೋರ್ತದೆ, ಒರಸು.’ ಸ್ವಾಮಿಗಳು ಚಡ್ಡಿಯಿಲ್ಲದೆ ಬಾವಿಕಟ್ಟೆಯ ಮೇಲೆ ಹತ್ತಿದಾಗಲೂ ಬಹುವಚನ ತಪ್ಪಲಿಲ್ಲ.

ಯತಿಗಳೆಂದ ಮೇಲೆ ಭಿಕ್ಷೆಗೆ ಕ್ರಮ ಬೇಕಲ್ಲ. ತಮ್ಮ ಮನೆಯ ಹಿಂದಿನ ಜಗಲಿಯ ಒಂದು ಮೂಲೆಯನ್ನು ಗುಡಿಸಿ ಸಾರಿಸಿ ‘ಇದು ಸ್ವಾಮಿಗಳ ಜಾಗ, ಇಲ್ಲಿ ಯಾರೂ ಕೂರಬಾರದು’ ಎಂದು ಅಪ್ಪಣೆ ಮಾಡಿದರು. ಬಟ್ಟಲು ಬೇಡ, ಕುಡಿಬಾಳೆಯ ಎಲೆಯೇ ಆಗಬೇಕು ಎಂದರು. ಇಲ್ಲಿ ಮಾತ್ರ ಅವರ ತಪ್ಪು ಲೆಕ್ಕಕ್ಕೆ ಸರಿಯುತ್ತರ ಬಂತು. ಬಾಳೆಎಲೆಯಲ್ಲಿ ಪ್ರತಿಯೊಂದಕ್ಕೂ ಒಂದು ಜಾಗವುಂಟು. ಉಪ್ಪು ಎಡತುದಿಗೆ, ಹಪ್ಪಳ ಮೇಲಿನ ಅರ್ಧದಲ್ಲಿ, ಅನ್ನ ಕೆಳಗಿನ ಅರ್ಧದಲ್ಲಿ, ನಡುವೆ ಗಟ್ಟಿ ದಿಂಡು. ಆ ದಿಂಡನ್ನು ದಾಟಿ ಯಾವುದೂ ಯಾವುದಕ್ಕೂ ತಾಗುವ ಹಾಗಿಲ್ಲ. ವಾಣಿ ಖಾಲಿ ಎಲೆಯ ಮುಂದೆ ಕೂತು ದಿಂಡಿನ ಮೇಲೆ ಬೆರಳು ಓಡಿಸುತ್ತಾ ಇದ್ದದ್ದನ್ನು ನಾನು ಮೊದಲ ದಿನವೇ ನೋಡಿದೆ.

ಆದರೂ ಉಣ್ಣಲಿಲ್ಲ. ದೊಡ್ಡಮ್ಮ ತಾವೂ ಎದುರಿಗೆ ಒಂದು ಎಲೆ ಹಾಕಿಕೊಂಡು ಬಿಳಿ ಅನ್ನ, ಉಪ್ಪು, ಹಪ್ಪಳ ಬಡಿಸಿಕೊಂಡು ಕೂತರು. ಮಾತಿಲ್ಲ. ಉಣ್ಣು ಎನ್ನಲಿಲ್ಲ, ಅವಳತ್ತ ನೋಡಲೂ ಇಲ್ಲ. ಬೇಡ ಎಂದವರಿಗೆ ಇನ್ನೊಂದು ಸ್ವಲ್ಪ ಎಂದು ಬಡಿಸಿಯೇ ಬದುಕಿದ ಹೆಂಗಸು ಬಾಯಿ ಬಿಗಿಹಿಡಿದು ಕೂತದ್ದನ್ನು ನೀವು ನೋಡಬೇಕಿತ್ತು. ಎದ್ದೊಡನೆ ‘ಅಬ್ಬ, ಸತ್ತೆ ಮಾರಾಯ್ತಿ! ಅನ್ನಕ್ಕೆ ಒಂದು ಉಪ್ಪಿನಕಾಯಿಯ ರಸವಾದರೂ ಬೇಡವಾ? ಸನ್ಯಾಸ ಸುಲಭ ಅಲ್ಲ’ ಎಂದು ಅಡುಗೆಮನೆಗೆ ಓಡುತ್ತಿದ್ದರು. ನನ್ನ ದಿನ ತುಂಬುತ್ತಾ ಬಂತು. ಎಲೆಗಳು ಹಾಗೆಯೇ ಹಸುವಿಗೆ ಹೋಗುತ್ತಿದ್ದವು. ನನಗೆ ನಿದ್ದೆ ಬರುತ್ತಿರಲಿಲ್ಲ.

ಹಾಗಿರುವಾಗ ಒಂದು ಮಧ್ಯಾಹ್ನ ನಾನು ಶಾಲೆಯಿಂದ ಬಂದರೆ ದೊಡ್ಡಮ್ಮನ ಸೊಸೆ ಬಾಗಿಲಲ್ಲೇ ನಿಂತು ಬಾಯಿಗೆ ಬೆರಳಿಟ್ಟು ತೋರಿಸಿದಳು. ಹಿಂದಿನ ಜಗಲಿಯಲ್ಲಿ ಕರುಂ ಎಂದು ಸದ್ದು. ನನ್ನ ಮಗಳು ಬೇರೆಯವರು ಬಡಿಸಿದ ಹಪ್ಪಳ ಮುರಿದಿದ್ದಳು. ದೊಡ್ಡಮ್ಮ ತಲೆ ಎತ್ತಲಿಲ್ಲ, ತಮ್ಮ ಪಾಡಿಗೆ ತಾವು ಬಿಳಿ ಅನ್ನ ಉಣ್ಣುತ್ತಲೇ ಇದ್ದರು, ಕಣ್ಣಿಂದ ಮಾತ್ರ ನೀರು ದಳದಳನೆ ಎಲೆಗೆ ಬೀಳುತ್ತಿತ್ತು. ಆಮೇಲೆ ಕೇಳಿದರೆ ಒಲೆಯ ಹೊಗೆ ಎಂದರು.

ಮಗ ಹುಟ್ಟಿದ. ಆಸ್ಪತ್ರೆಯಿಂದ ಬಂದವಳು ಕೂಸನ್ನು ಗಂಡನ ಕೈಗೆ ಕೊಟ್ಟು ಹಿಂದಿನ ಜಗಲಿಗೇ ಓಡಿದೆ. ವಾಣಿ ಕೆನ್ನೆ ತುಂಬಿಕೊಂಡು ಕೂತಿದ್ದಳು, ದೊಡ್ಡಮ್ಮನೇ ಸೊರಗಿ ಹೋಗಿದ್ದರು. ಆ ದಿನ ನಾನೇ ಬಡಿಸುತ್ತೇನೆಂದು ಹೋದೆ. ವಾಣಿ ನನ್ನ ಕೈಯನ್ನು ಮೆಲ್ಲಗೆ ತಳ್ಳಿ ದೊಡ್ಡಮ್ಮನ ಸೆರಗು ಹಿಡಿದಳು. ಸಂತೋಷವಾಗಬೇಕಿತ್ತು. ಆಯಿತು ಕೂಡ. ಆದರೆ ಹೊಟ್ಟೆಯೊಳಗೆ ಹೊಲಿಗೆ ಹಾಕಿದ ಜಾಗಕ್ಕಿಂತ ಹೆಚ್ಚು ನೋವು ಬೇರೆಲ್ಲೋ ಆಯಿತು. ಕಣ್ಣೊರಸಿಕೊಂಡೆ.

‘ಯಾಕೆ ಅಳ್ತಿ?’ ಎಂದರು ದೊಡ್ಡಮ್ಮ. ‘ನೀನಿಲ್ಲದಿದ್ದರೂ ಉಣ್ತಾಳೆ ಅಂತ ಗೊತ್ತಾಯ್ತಲ್ಲ. ಇನ್ನು ನೀನು ಧೈರ್ಯದಲ್ಲಿ ಸಾಯಬಹುದು.’

ಬಾಣಂತಿಗೆ ಹೇಳುವ ಮಾತಾ ಅದು? ಆದರೆ ನನ್ನ ಮಟ್ಟಿಗೆ ಅಷ್ಟು ಸಮಾಧಾನದ ಮಾತನ್ನು ಯಾರೂ ಆಡಿಲ್ಲ.

ಮೂಡುಬಿದಿರೆಯ ಒಂದು ಮದುವೆಗೆ ನಾವೆಲ್ಲ ಹೋಗಿದ್ದು ನೆನಪಾಗುತ್ತದೆ. ವಾಣಿಗೆ ಆಗ ಎಂಟೋ ಒಂಬತ್ತೋ. ಪಂಕ್ತಿಯಲ್ಲಿ ಕೂರಿಸಿದ್ದೆವು. ಬಡಿಸುವವನಿಗೆ ದೊಡ್ಡಮ್ಮ ಮೊದಲೇ ಹೇಳಿದ್ದರು. ಅವನು ಗಡಿಬಿಡಿಯಲ್ಲಿ ಸಾರು ಸುರಿದೇಬಿಟ್ಟ, ಅದು ದಿಂಡು ದಾಟಿ ಉಪ್ಪಿಗೆ ತಾಗಿತು. ವಾಣಿಯ ಕಿರುಚಾಟಕ್ಕೆ ಓಲಗದವರೂ ನಿಲ್ಲಿಸಿದರು. ‘ಇಷ್ಟು ದೊಡ್ಡ ಹುಡುಗಿಗೆ ಇದೆಂಥ ಹಠ!’ ಎಂದರು ಹೆಣ್ಣಿನ ಕಡೆಯ ಹಿರಿಯರೊಬ್ಬರು.

ದೊಡ್ಡಮ್ಮ ಎದ್ದು ನಿಂತರು. ‘ನಿಮ್ಮ ಮದುಮಗ ಬದನೆ ತಿನ್ನುದಿಲ್ಲ ಅಂತ ಇಡೀ ಅಡುಗೆಯಲ್ಲಿ ಬದನೆಯೇ ಇಲ್ಲ. ಅದು ರುಚಿ. ಈ ಮಗು ಸಾರು ಬೇಡ ಅಂದರೆ ಹಠವಾ? ನನಗೆ ಹಾಲಿನ ಕೆನೆ ಕಂಡರೆ ವಾಕರಿಕೆ ಬರ್ತದೆ, ಈ ಪ್ರಾಯದಲ್ಲೂ. ನೀವು ಎಂತ ತಿನ್ನುದಿಲ್ಲ? ಹೇಳಿ, ಎಲ್ಲರಿಗೂ ಕೇಳಲಿ!’

ಹಿರಿಯರು ತಮ್ಮ ಎಲೆಯತ್ತ ಬಾಗಿದರು. ಅವರ ಹೆಂಡತಿ ಪಕ್ಕದ ಪಂಕ್ತಿಯಿಂದ ‘ಹಾಗಲಕಾಯಿ’ ಎಂದರು. ಇಡೀ ಚಪ್ಪರ ನಕ್ಕಿತು. ಹೊಸ ಎಲೆ ಬಂತು.

ಎಂಬತ್ತರ ದಶಕದ ಕೊನೆಯ ಹೊತ್ತಿಗೆ ದೊಡ್ಡಮ್ಮನಿಗೆ ಕೈನೋವು ಶುರುವಾಯಿತು. ಅವರ ಕೈನೋವು ವಿಚಿತ್ರ, ಹಪ್ಪಳ ಲಟ್ಟಿಸುವಾಗ ಇಲ್ಲ, ಕಾಯಿ ತುರಿಯುವಾಗ ಇಲ್ಲ, ಸರಿಯಾಗಿ ವಾಣಿಯ ಊಟದ ಹೊತ್ತಿಗೆ ಬರುವಂಥದ್ದು. ‘ಅಯ್ಯೋ, ಇವತ್ತು ಕೈ ಎತ್ತಲಿಕ್ಕಾಗುದಿಲ್ಲ. ನೀನು ಬಡಿಸು’ ಎಂದು ಸೊಸೆಯನ್ನು ಕರೆಯುತ್ತಿದ್ದರು. ವಾಣಿ ಮುಖ ತಿರುಗಿಸುತ್ತಿದ್ದಳು. ದೊಡ್ಡಮ್ಮ ಪಕ್ಕದಲ್ಲೇ ಗೋಡೆಗೆ ಒರಗಿ ಕಣ್ಣು ಮುಚ್ಚಿ ಕೂತಿರುತ್ತಿದ್ದರು, ಕೈಗೆ ಎಣ್ಣೆ ಬಟ್ಟೆ ಸುತ್ತಿಕೊಂಡು. ಸೊಸೆ ಉಪ್ಪು ಇಡುತ್ತಿದ್ದಳು. ‘ಅಲ್ಲಲ್ಲ, ಎಡತುದಿಗೆ’ ಎಂದು ಕಣ್ಣು ಮುಚ್ಚಿದ್ದವರು ಹೇಳುತ್ತಿದ್ದರು. ಕೆಲವು ದಿನ ವಾಣಿ ಹಾಗೇ ಎದ್ದು ಹೋದಳು. ಆಮೇಲಾಮೇಲೆ ಉಂಡಳು. ಅದಾದ ಮೇಲೆ ನನ್ನ ಗಂಡನಿಗೆ ಕರೆ ಬಂತು, ಆಮೇಲೆ ನನ್ನ ಮಗನಿಗೆ. ನಾವೆಲ್ಲ ಕೈನೋವನ್ನು ನಂಬಿದ್ದೆವು. ನಾನು ಶಾಲೆಯ ಹತ್ತಿರದ ಪಂಡಿತರಿಂದ ತೈಲ ತಂದುಕೊಟ್ಟೆ. ಅದನ್ನು ಅವರು ಬಾವಿಯ ರಾಟೆಗೆ ಹಾಕಿದ್ದು ಸೊಸೆ ಹೇಳಿದ ಮೇಲೆ ತಿಳಿಯಿತು.

ಅವರು ತೀರಿಕೊಂಡದ್ದು ಒಂದು ಬೆಳಿಗ್ಗೆ, ಕಾಫಿ ಕುಡಿದು, ಇವತ್ತು ಕಾಫಿ ನೀರು ನೀರಾಗಿದೆ ಎಂದು ಹೇಳಿದ ಮೇಲೆ. ಮದುವೆಯಾಗಿ ಕಕ್ಕಿಂಜೆಯಲ್ಲಿದ್ದ ಅವರ ಮಗಳು ಬರಬೇಕಿತ್ತು. ಅವಳು ಬಂದು ಮುಖ ನೋಡುವವರೆಗೆ ಹೆಣ ತೆಗೆಯುವ ಹಾಗಿಲ್ಲ. ಹೆಣ ಎತ್ತುವವರೆಗೆ ಆ ಮನೆಯಲ್ಲಿ ಮಾತ್ರವಲ್ಲ, ಅಕ್ಕಪಕ್ಕದಲ್ಲೂ ಒಲೆ ಉರಿಸುವುದಿಲ್ಲ. ನಾನೂ ಉರಿಸಿರಲಿಲ್ಲ. ಮಧ್ಯಾಹ್ನವಾಗುತ್ತಾ ಬಂತು. ಹದಿಹರೆಯದ ವಾಣಿಗೆ ಸಾವನ್ನು ಹೇಗೆ ತಿಳಿಸಲಿ, ಇವತ್ತು ಊಟವಿಲ್ಲ ಎಂದು ಹೇಗೆ ತಿಳಿಸಲಿ ಎಂದು ಒದ್ದಾಡುತ್ತಿದ್ದೆ. ಅಷ್ಟರಲ್ಲಿ ದೊಡ್ಡಮ್ಮನ ಸೊಸೆ ಹಿಂಬಾಗಿಲಿನಿಂದ ನಮ್ಮ ಅಡುಗೆಮನೆಗೆ ಬಂದಳು. ನನ್ನನ್ನು ಕೇಳಲಿಲ್ಲ. ಸೀಮೆಎಣ್ಣೆಯ ಸ್ಟವ್ ಹಚ್ಚಿ ಬೆಳ್ತಿಗೆ ಅಕ್ಕಿ ಇಟ್ಟಳು.

‘ಹೆಣ ಮಲಗಿರುವಾಗ...’ ಎಂದೆ ನಾನು.

‘ಅತ್ತೆ ಮೊನ್ನೆಯೇ ಹೇಳಿದ್ದಾರೆ ಟೀಚರಕ್ಕ. ಕಕ್ಕಿಂಜೆಯ ಬಸ್ಸು ನಂಬಲಿಕ್ಕಾಗುದಿಲ್ಲ, ನನ್ನನ್ನು ತೆಗೆಯುದು ತಡ ಆದೀತು, ಸ್ವಾಮಿಗಳ ಭಿಕ್ಷೆ ತಪ್ಪಬಾರದು, ನಿನ್ನ ಕೈಯದು ಈಗ ಆಗ್ತದೆ ಅಂತ.’ ಹೇಳಿ ಹಪ್ಪಳಕ್ಕೆ ಎಣ್ಣೆ ಇಟ್ಟಳು. ‘ಕೈನೋವು ಎಂಥದೂ ಇರಲಿಲ್ಲ ಅವರಿಗೆ.’

ಅನ್ನ ಆರುವ ಹದಕ್ಕೆ ಬರುವಾಗ ವಾಣಿ ಎದ್ದಳು. ಹಿಡಿದುಕೊಳ್ಳಲು ಹೋದೆ, ಕೊಸರಿಕೊಂಡಳು. ಗೋಡೆ ಸುತ್ತಿ, ಅಂಗಳದಲ್ಲಿ ನಿಂತ ಜನರ ನಡುವೆ ದಾರಿ ಮಾಡಿಕೊಂಡು ಹಿಂದಿನ ಜಗಲಿಗೆ ಹೋಗಿ ತನ್ನ ಮೂಲೆಯಲ್ಲಿ ಕೂತಳು. ಸೊಸೆ ಎಲೆ ಹಾಸಿದಳು. ಉಪ್ಪು, ಹಪ್ಪಳ, ಅನ್ನ, ಎಲ್ಲ ಅದರದರ ಜಾಗದಲ್ಲಿ. ವಾಣಿ ಕೈ ಚಾಚಿದಳು. ಒಳಗಿಂದ ನೆಂಟರ ಹೆಂಗಸರ ಗೋಳು ಜೋರಾಯಿತು. ಅವಳು ಎರಡೂ ಕಿವಿ ಮುಚ್ಚಿಕೊಂಡು ಹಿಂದೆ ಮುಂದೆ ತೂಗತೊಡಗಿದಳು.

ಅತ್ತೆಯ ಎದುರು ಹೂಂ ಎನ್ನುವುದು ಬಿಟ್ಟು ಇನ್ನೇನೂ ಆಡದಿದ್ದ ಆ ಸೊಸೆ ಸೀದಾ ಒಳಗೆ ಹೋಗಿ ಹೆಣದ ತಲೆಯ ಹತ್ತಿರ ನಿಂತಳು.

‘ಸ್ವಲ್ಪ ಹೊತ್ತು ಅಳುದು ನಿಲ್ಲಿಸಿ. ಹುಡುಗಿ ಉಣ್ಣಲಿ.’

ಅವಳು ಹೇಳಿದ ರೀತಿಗೋ ಏನೋ, ಸಾವಿನ ಮನೆ ಪೂರ್ತಿ ಸುಮ್ಮನಾಯಿತು. ವಾಣಿ ಕಿವಿಯಿಂದ ಕೈ ತೆಗೆದಳು. ಹಪ್ಪಳ ಮುರಿಯುವ ಸದ್ದು ಹೊರಗೆ ಅಂಗಳದವರೆಗೂ ಕೇಳಿಸಿತು. ಎಂದಿನ ಹಾಗೆ ಒಂದು ಅಗುಳೂ ಉಳಿಸದೆ ಉಂಡಳು, ಕೈ ತೊಳೆದಳು, ಬಾವಿಯ ರಾಟೆ ನೋಡಲು ಹೋದಳು.

ಸೊಸೆ ಎಲೆ ಮಡಚಿ ತೆಗೆದು, ಜಾಗ ಸಾರಿಸಿ, ಒಳಬಾಗಿಲಲ್ಲಿ ನಿಂತು ಹೇಳಿದಳು.

‘ಆಯ್ತು. ಇನ್ನು ಅಳಬಹುದು.’

ಎಲ್ಲರಿಗಿಂತ ಮೊದಲು ಅತ್ತವಳು ನಾನು.